ಕಾಕಾನ ಲಾಳಿ ಸಿದ್ಧಾಂತ

ನಮ್ಮ ಕಾಕಾನ ಲಗ್ನದ ದಿನ ಮಳೆ ಬಂದಿತ್ತೋ ಇಲ್ಲವೋ ಎಂಬುದು ನಮ್ಮ ಮನೆತನದಲ್ಲಿ ಇವತ್ತಿಗೂ ಇತ್ಯರ್ಥವಾಗದ ಮಾತು. ಅವ್ವ ಹೇಳುವುದು ಹೀಗೆ: ಅಕ್ಷತೆಗೆ ಇನ್ನೂ ಅರ್ಧ ತಾಸು ಇತ್ತು, ಬಿರುಗಾಳಿ ಎದ್ದಿತು, ಹಂದರದ ತಗಡು ಹಾರಿ ಎದುರು ಮನೆಯ ಮಾಳಿಗೆ ಸೇರಿತು, ಬುಂದೆಯ ಬುಟ್ಟಿ ಉಳಿಸಿಕೊಳ್ಳಲು ನಾಲ್ಕು ಜನ ಅದರ ಮೇಲೆ ಜಮಖಾನೆ ಹಿಡಿದು ನಿಂತರು. ಅಪ್ಪ ಹೇಳುವುದು ಬೇರೆ: ಮಳೆಯ ಮಾತೇ ಇಲ್ಲ, ಧಗೆಗೆ ಬಾಜಾದವನೊಬ್ಬ ಕಣ್ಣುಕತ್ತಲೆ ಬಂದು ಕುಸಿದು ಕುಂತಿದ್ದ, ಅವನಿಗೆ ಮಜ್ಜಿಗೆ ಕುಡಿಸಿದ್ದು ತಾನೇ. ಆಲ್ಬಮ್ ತೆಗೆದು ನೋಡಿದರೆ ಒಂದೇ ಒಂದು ಸಾಕ್ಷಿ. ಒಂದು ಕಪ್ಪು-ಬಿಳುಪು ಫೋಟೋದ ಅಂಚಿನಲ್ಲಿ ಯಾರೋ ಛತ್ರಿ ಹಿಡಿದಿದ್ದಾರೆ. ಮಳೆಗೋ ಬಿಸಿಲಿಗೋ, ಛತ್ರಿಯೇ ಬಾಯಿಬಿಡಬೇಕು. ಮದುಮಗಳಾಗಿ ನಿಂತಿದ್ದ ಕಾಕು ಮಾತ್ರ ಈ ಜಗಳ ಎದ್ದಾಗಲೆಲ್ಲ ಒಂದೇ ಪ್ರಶ್ನೆ ಕೇಳುತ್ತಾಳೆ: "ನೀವಿಬ್ಬರೂ ಯಾರ ಲಗ್ನಕ್ಕ ಹೋಗಿದ್ರಿ?"

ಕಾಕಾನ ತೀರ್ಪು ಮಾತ್ರ ಎಂದೂ ಬದಲಾಗಿಲ್ಲ. "ಎರಡೂ ಖರೇ ಐತಿ. ಮೊದಲ ಮಳಿ ಆಗಿತ್ತು. ಆಮ್ಯಾಲೆ ಯಾರೋ ಹಿಂದಕ್ಕ ಹೋಗಿ ಆ ದಿನಾ ಬಿಚ್ಚಿ ಮತ್ತ ನೇಯ್ದಾರ. ನಿಮ್ಮವ್ವಗ ಮೊದಲಿನ ನೇಯ್ಗಿ ನೆನಪುಳದೈತಿ, ನಿಮ್ಮಪ್ಪಗ ಎರಡನೇದು."

ಇದೇ ಲಾಳಿ ಸಿದ್ಧಾಂತ. ಬನಹಟ್ಟಿಯ ಓಣಿಯೊಂದರ ಪವರ್‌ಲೂಮ್ ಸದ್ದಿನ ನಡುವೆ ಹುಟ್ಟಿದ್ದು. ಯಾವ ವಿಜ್ಞಾನ ಪತ್ರಿಕೆಯಲ್ಲೂ ಅಚ್ಚಾಗಿಲ್ಲ. ಆ ಸದ್ದಿನಲ್ಲಿ ಪೂರ್ತಿ ಕೇಳಿಸಿಕೊಂಡವರೂ ಕಡಿಮೆ. ಕಾಕಾ ಜಮಖಂಡಿಯಲ್ಲಿ ಒಂದು ವರ್ಷ ಪಿಯುಸಿ ಸಾಯನ್ಸ್ ಓದಿದವನು. ಮರುವರ್ಷ ಮುತ್ಯಾನ ಕಣ್ಣು ಮಂಜಾದವು, ಕಾಕಾ ಪುಸ್ತಕ ಮಡಚಿಟ್ಟು ಕುಣಿ ಮಗ್ಗಕ್ಕೆ ಇಳಿದ. ಆ ಅರ್ಧ ಓದಿದ ಭೌತಶಾಸ್ತ್ರ ಅವನೊಳಗೆ ನಲವತ್ತು ವರ್ಷ ಹೆಪ್ಪು ಹಾಕಿದ ಹಾಲಿನಂತೆ ಕೂತಿತ್ತು. ನಾನು ಬೆಂಗಳೂರಿನಿಂದ ರಜೆಗೆ ಹೋದಾಗಲೆಲ್ಲ ಅದನ್ನು ಕಡೆಯುವ ಕೆಲಸ ನನ್ನ ಪಾಲಿಗೆ.

ಸಿದ್ಧಾಂತವನ್ನು ಅವನು ಬಾಯಲ್ಲಿ ಹೇಳುವವನಲ್ಲ, ಮಗ್ಗದ ಮೇಲೆ ತೋರಿಸುವವನು. ಉದ್ದಕ್ಕೆ ಎಳೆದು ಕಟ್ಟಿದ್ದು ಹಾಸು. ಅದು ಮೊದಲೇ ನಿಕ್ಕಿಯಾದದ್ದು, ಅದರ ತಂಟೆಗೆ ಹೋಗುವಂತಿಲ್ಲ. ಅಡ್ಡ ಬರುವುದು ಹೊಕ್ಕು. ಲಾಳಿ ಎಡದಿಂದ ಬಲಕ್ಕೆ ಹೋದರೆ ಒಂದು ಎಳೆ, ಬಲದಿಂದ ಎಡಕ್ಕೆ ಬಂದರೆ ಇನ್ನೊಂದು. "ಕಾಲ ಹೊಳಿ ಇದ್ದಂಗ ಅಂತಾರಲ್ಲ, ಸುಳ್ಳು. ಹೊಳಿ ಹೋದದ್ದು ತಿರುಗಿ ಬರೂದಿಲ್ಲ. ಲಾಳಿ ನೋಡು, ಹೋದಷ್ಟೂ ಬರತೈತಿ. ಬಂದಷ್ಟೂ ಬಟ್ಟಿ ಮುಂದಕ್ಕ ಹೋಗತೈತಿ." ಮಾರುದ್ದ ನೇಯ್ದ ಮೇಲೆ ಎಲ್ಲೋ ಎಳೆ ತಪ್ಪಿದ್ದು ಕಣ್ಣಿಗೆ ಬೀಳುತ್ತದೆ. ಆಗ ಅಷ್ಟನ್ನೂ ಬಿಚ್ಚಬೇಕು, ಮತ್ತೆ ನೇಯಬೇಕು. ನೇಯ್ದ ಮೇಲೆ ಅಳತೆ ಅಷ್ಟೇ, ಬಣ್ಣ ಅದೇ, ಕೊಳ್ಳುವವರಿಗೆ ಗೊತ್ತೇ ಆಗುವುದಿಲ್ಲ. ಆದರೆ ಸೀರೆ ತಿರುವಿ ಬೆನ್ನ ಮೇಲೆ ಬೆರಳಾಡಿಸಿದರೆ ಅಲ್ಲೊಂದು ಗಂಟು ಸಿಗುತ್ತದೆ, ಸಾಸಿವೆಯಷ್ಟು. ಜಗತ್ತನ್ನೂ ಯಾರೋ ಹಾಗೆ ಬಿಚ್ಚಿ ನೇಯುತ್ತಿದ್ದಾರೆ. ಒಂದೇ ಸಂಗತಿ ಇಬ್ಬರಿಗೆ ಎರಡು ರೀತಿ ನೆನಪಿದ್ದರೆ ಅಲ್ಲಿ ಗಂಟಿದೆ ಎಂದು ತಿಳಿಯಬೇಕು. ಇಷ್ಟು ಹೇಳಿ ಕಾಕಾ ನನ್ನ ತೋರುಬೆರಳು ಹಿಡಿದು ಒಂದು ಸೀರೆಯ ಬೆನ್ನ ಮೇಲೆ ಒತ್ತಿಸಿದ. ಗಂಟು ಇತ್ತು. ಬೆರಳು ತೆಗೆದರೆ ಎಲ್ಲಿತ್ತೆಂದು ಕಾಣುತ್ತಿರಲಿಲ್ಲ.

ಓದಿದವನು ಸುಮ್ಮನಿರಲಾದೀತೆ? ನಾನು ಪರದೇಶದವರನ್ನು ಕರೆತಂದೆ. 1895ರಲ್ಲಿ ಎಚ್. ಜಿ. ವೆಲ್ಸ್ ಕಾಲಯಂತ್ರದ ಕಾದಂಬರಿ ಬರೆದದ್ದು; 1949ರಲ್ಲಿ, ಐನ್‌ಸ್ಟೈನ್ ಎಪ್ಪತ್ತು ತುಂಬಿದ ವರ್ಷ, ಗೆಳೆಯ ಕುರ್ಟ್ ಗೋಡೆಲ್ ಅವರ ಸಮೀಕರಣಗಳಲ್ಲೇ ಹಿಂದಕ್ಕೆ ಹೋಗುವ ದಾರಿಯೊಂದನ್ನು ಹುಡುಕಿಕೊಟ್ಟದ್ದು. "ಹುಟ್ಟಿದ ಹಬ್ಬಕ್ಕ ಚಲೋ ಆಯೇರಿ ಮಾಡ್ಯಾನ. ಪಾಪ, ಮುದುಕನ ನಿದ್ದಿ ಹೋತು," ಎಂದ ಕಾಕಾ. ಆಮೇಲೆ ಆ ಪ್ರಸಿದ್ಧ ಮುತ್ಯಾನ ಒಗಟು ಮುಂದಿಟ್ಟೆ.

"ಕಾಕಾ, ಒಬ್ಬಾಂವ ಹಿಂದಕ್ಕ ಹೋಗಿ, ತನ್ನ ಮುತ್ಯಾಗ ಲಗ್ನ ಆಗೂದರಾಗ ಮುತ್ಯಾನ್ನ ಕೊಂದ ಅಂತ ತಿಳಿ. ಹಂಗಾದ್ರ ಅವರಪ್ಪ ಹುಟ್ಟೂದಿಲ್ಲ, ಅಪ್ಪ ಇಲ್ಲಂದ್ರ ಇಂವನೂ ಹುಟ್ಟೂದಿಲ್ಲ. ಹುಟ್ಟಲಾರದಾಂವ ಹೋಗಿ ಕೊಂದದ್ದು ಹೆಂಗ?"

ಕಾಕಾ ಕಂಡಿಕೆ ಬದಲಿಸುತ್ತಿದ್ದವನು ತಲೆ ಎತ್ತಿದ. "ಮುತ್ಯಾ ಏನ ಮಾಡಿದ್ದ?"

"ಏನೂ ಮಾಡಿಲ್ಲ. ಇದು ಬರೇ ತರ್ಕ."

"ಏನೂ ಮಾಡಲಾರದವನ್ನ ಕೊಲ್ಲಾಕ ಅಷ್ಟ ದೂರ ಯಾಕ ಹೋಗಬೇಕೋ? ಹೆಂಗೂ ಹೋಗ್ಯಾನ, ಹಿತ್ತಲ ಜಾಗಾದ ಕಾಗದಕ್ಕ ಮುತ್ಯಾನ ಒಂದು ಸಹಿ ಹಾಕಿಸ್ಕೊಂಡ ಬಂದಿದ್ರ, ಮೊಮ್ಮಕ್ಕಳು ಕೋರ್ಟಿಗೆ ಅಡ್ಡಾಡೂದರ ತಪ್ಪತಿತ್ತು!"

ಜಗತ್ತಿನ ದೊಡ್ಡ ದೊಡ್ಡ ಮಿದುಳುಗಳು ಕೊಲೆಯ ಬಗ್ಗೆ ಯೋಚಿಸಿದವೇ ಹೊರತು ಸಹಿಯ ಬಗ್ಗೆ ಯಾರೂ ಯೋಚಿಸಿದಂತಿಲ್ಲ. ನಾನು ಸ್ಟೀಫನ್ ಹಾಕಿಂಗರ ಮೊರೆ ಹೋದೆ. ಹಿಂದಕ್ಕೆ ಹೋಗುವುದನ್ನು ನಿಸರ್ಗವೇ ತಡೆಯುತ್ತದೆ ಎಂದು 1992ರಲ್ಲಿ ವಾದಿಸಿದವರು ಅವರು. 2009ರ ಜೂನ್ 28ರಂದು ಕೇಂಬ್ರಿಡ್ಜಿನಲ್ಲಿ ಕಾಲಯಾತ್ರಿಗಳಿಗೆಂದೇ ಔತಣ ಇಟ್ಟರು, ಆಮಂತ್ರಣ ಮಾತ್ರ ಔತಣ ಮುಗಿದ ಮೇಲೆ ಹೊರಡಿಸಿದರು. ಭವಿಷ್ಯದಲ್ಲಿ ಯಾರಾದರೂ ಅದನ್ನೋದಿ ಹಿಂದಕ್ಕೆ ಬಂದಾರು ಎಂಬ ಲೆಕ್ಕ. ಒಬ್ಬರೂ ಬರಲಿಲ್ಲ. ಕಾಕಾನಿಗೆ ಇದರಲ್ಲಿ ಆಶ್ಚರ್ಯವೇನೂ ಕಾಣಲಿಲ್ಲ. "ಅಕ್ಷತಿ ಬಿದ್ದ ಮ್ಯಾಲೆ ಲಗ್ನಪತ್ರ ಕೊಟ್ರ ಯಾರ ಬರತಾರ? ಮಾನ ಮರ್ಯಾದಿ ಇದ್ದಾವರು ಬರೂದಿಲ್ಲ."

ಒಂದು ಕತೆ ಮಾತ್ರ ಅವನ ಮನಸ್ಸಿಗೆ ಹಿಡಿಸಿತು. ರೇ ಬ್ರಾಡ್‌ಬರಿ 1952ರಲ್ಲಿ ಬರೆದದ್ದು. ಡೈನೋಸಾರ್ ಕಾಲಕ್ಕೆ ಬೇಟೆಗೆ ಹೋದವನೊಬ್ಬ ಒಂದು ಪಾತರಗಿತ್ತಿಯನ್ನು ತುಳಿದುಬಿಡುತ್ತಾನೆ. ತಿರುಗಿ ಬಂದು ನೋಡಿದರೆ ದೇಶದ ಚುನಾವಣೆಯ ಫಲಿತಾಂಶವೇ ಬೇರೆ. ಕಾಕಾ ಮಗ್ಗ ನಿಲ್ಲಿಸಿದ. ಸದ್ದು ನಿಂತಿತೆಂದು ಕಾಕು ಅಡುಗೆಮನೆಯಿಂದ ಹಣಿಕಿದಳು. "ಸಾವಳಗಿ!" ಎಂದ ಕಾಕಾ. ಜಮಖಂಡಿ ತಾಲ್ಲೂಕಿನ ಸಾವಳಗಿಯಲ್ಲಿ 1912ರಲ್ಲಿ ಹುಟ್ಟಿದ ಬಿ. ಡಿ. ಜತ್ತಿಯವರು ಜಮಖಂಡಿ ಸಂಸ್ಥಾನದ ದಿವಾನರಾದರು, 1958ರಲ್ಲಿ ಮೈಸೂರು ರಾಜ್ಯದ ಮುಖ್ಯಮಂತ್ರಿಯಾದರು, ಉಪರಾಷ್ಟ್ರಪತಿಯಾದರು. 1977ರ ಫೆಬ್ರುವರಿಯಲ್ಲಿ ಫಕ್ರುದ್ದೀನ್ ಅಲಿ ಅಹ್ಮದ್ ತೀರಿಕೊಂಡಾಗ ಜುಲೈವರೆಗೆ ಹಂಗಾಮಿ ರಾಷ್ಟ್ರಪತಿಯಾಗಿ ಕುಂತರು. ದೇಶ ತುರ್ತುಸ್ಥಿತಿಯಿಂದ ಹೊರಬಂದದ್ದು, ಸರ್ಕಾರ ಬಿದ್ದು ಎದ್ದದ್ದು ಎಲ್ಲ ಆ ಐದು ತಿಂಗಳಲ್ಲೇ. "ನಮ್ಮ ಸಾವಳಗಿ ಮನುಷ್ಯಾ ದಿಲ್ಲ್ಯಾಗ ಆ ಕುರ್ಚಿಮ್ಯಾಲೆ ಕುಂತಾನಂದ್ರ, ಹಿಂದ ಯಾರೋ ಬಂದು ಸಾವಳಗಿ ಎರಿಹೊಲದಾಗ ಪಾತರಗಿತ್ತಿ ತುಳದಿರಬೇಕು ನೋಡು."

ನಮ್ಮ ಸೀಮೆಯಲ್ಲಿ ಇಂಥ ಪಾತರಗಿತ್ತಿಗಳನ್ನು ಯಾರು ಎಷ್ಟು ತುಳಿದರೋ ಗೊತ್ತಿಲ್ಲ, ಆದರೆ ವಾಸ್ತವ ಬದಲಾಗುವುದಕ್ಕೆ ಇಲ್ಲಿ ಯಂತ್ರದ ಗರಜು ಎಂದೂ ಬಿದ್ದಿಲ್ಲ. ನಮ್ಮ ಮುತ್ಯಾ ಹುಟ್ಟಿದ್ದು ಪಟವರ್ಧನರ ಜಮಖಂಡಿ ಸಂಸ್ಥಾನದ ಬನಹಟ್ಟಿಯಲ್ಲಿ. ಅಲ್ಲಿಂದ ಮಗ್ಗುಲಿನ ರಬಕವಿಗೆ ನೂಲು ತರಲು ನಡೆದುಹೋದರೆ ಸಾಂಗಲಿ ಸಂಸ್ಥಾನ. ಮುಧೋಳಕ್ಕೆ ಬೀಗರ ಮನೆಗೆ ಹೋದರೆ ಘೋರ್ಪಡೆಯವರ ರಾಜ್ಯ. ಬೀಳಗಿಗೆ ಹೋದರೆ ಸಾಕ್ಷಾತ್ ಬ್ರಿಟಿಷರು. ಚಪ್ಪಲಿ ಸವೆಯುವುದರೊಳಗೆ ನಾಲ್ಕು ಸರ್ಕಾರ. 1948ರಲ್ಲಿ ಸಂಸ್ಥಾನ ವಿಲೀನವಾಗಿ ಮುತ್ಯಾ ಮುಂಬೈ ಪ್ರಾಂತದವನಾದ, 1956ರಲ್ಲಿ ಮೈಸೂರು ರಾಜ್ಯದವನಾದ, 1973ರಲ್ಲಿ ಕರ್ನಾಟಕದವನಾದ. ಇಷ್ಟೆಲ್ಲ ಆಗುವಾಗ ಅವನು ಹೊಸ್ತಿಲು ದಾಟಿರಲಿಲ್ಲ, ಮಗ್ಗದ ಕುಣಿಯಲ್ಲಿ ಕಾಲು ಇಳಿಬಿಟ್ಟು ಕುಂತೇ ಇದ್ದ.

ನನ್ನ ಪಾಡೂ ಅಷ್ಟೇ. ಒಂದು ಕಚೇರಿಯಲ್ಲಿ ನನ್ನ ಹುಟ್ಟಿದ ದಾಖಲೆ ನೋಡಿದವರು ಕನ್ನಡಕ ಏರಿಸಿ ಕೇಳಿದರು: "ಬನಹಟ್ಟಿ, ತಾಲ್ಲೂಕು ಜಮಖಂಡಿ, ಜಿಲ್ಲೆ ಬಿಜಾಪುರ ಅಂತ ಐತಲ್ರೀ. ಬನಹಟ್ಟಿ ಬಾಗಲಕೋಟಿ ಜಿಲ್ಲೆದಾಗ ಬರತೈತಿ. ನೀವು ಯಾವ ಬನಹಟ್ಟಿಯಾಗ ಹುಟ್ಟೀರಿ?" 1997ರಲ್ಲಿ ಬಾಗಲಕೋಟೆ ಬೇರೆ ಜಿಲ್ಲೆಯಾಯಿತು, 2014ರಲ್ಲಿ ಬಿಜಾಪುರ ಎಂಬ ಹೆಸರೇ ಹೋಗಿ ವಿಜಯಪುರವಾಯಿತು, ಈಗ ರಬಕವಿ-ಬನಹಟ್ಟಿಯೇ ತಾಲ್ಲೂಕು. ನಾನು ಹುಟ್ಟಿದ ತಾಲ್ಲೂಕಿನಲ್ಲಿ ನಾನು ಹುಟ್ಟಿದ ಊರಿಲ್ಲ. ನಾನು ಹುಟ್ಟಿದ ಹೆಸರಿನ ಜಿಲ್ಲೆ ಕರ್ನಾಟಕದಲ್ಲಿ ಎಲ್ಲೂ ಇಲ್ಲ. ಮನೆಗೆ ಬಂದು ಹೇಳಿದರೆ ಕಾಕಾನ ಮುಖ ಅರಳಿತು. "ಗಂಟು," ಎಂದ.

ಗಡಿಯಾರವೂ ಅವನ ಪಕ್ಷಕ್ಕೇ ಸಾಕ್ಷಿ ಹೇಳುತ್ತದೆ. ಇಂಡಿಯಾದ ಇಡೀ ಹೊತ್ತನ್ನು ಎಂಬತ್ತೆರಡೂವರೆ ಡಿಗ್ರಿ ರೇಖಾಂಶಕ್ಕೆ ಕಟ್ಟಿದ್ದು 1906ರಲ್ಲಿ. ಮುಂಬೈ ನಗರ ಹಟ ಹಿಡಿದು 1955ರವರೆಗೆ ತನ್ನದೇ ಹೊತ್ತು ಇಟ್ಟುಕೊಂಡಿತ್ತು. ಜಮಖಂಡಿ ಆ ರೇಖೆಯಿಂದ ಏಳು ಡಿಗ್ರಿ ಪಡುವಣಕ್ಕಿದೆ, ಹಾಗಾಗಿ ಕೈಗಡಿಯಾರ ಹನ್ನೆರಡು ಹೊಡೆದಾಗ ನಮ್ಮ ನೆತ್ತಿಗೆ ಸೂರ್ಯ ಬರಲು ಇನ್ನೂ ಅರ್ಧ ತಾಸು ಬೇಕು. ರಬಕವಿಗೂ ಬೀಳಗಿಗೂ ನಡುವೆ ಸುಮಾರು ಅರ್ಧ ಡಿಗ್ರಿ, ಅಂದರೆ ಎರಡು ನಿಮಿಷ. ಹೊತ್ತು ಮೊದಲು ಹುಟ್ಟುವುದು ಬೀಳಗಿಗೆ. ಅವ್ವನ ತವರು ಬೀಳಗಿ ಕಡೆ. ಅಪ್ಪ ಬಾಯಿ ತೆರೆಯುವ ಮೊದಲೇ ಅವಳ ಉತ್ತರ ಸಿದ್ಧವಿರುವುದು ಯಾಕೆಂದು ನನಗೆ ತಿಳಿದದ್ದು ಈ ಲೆಕ್ಕ ಹಾಕಿದ ಮೇಲೆ.

ಮುಧೋಳದವರು ನಮಗಿಂತ ಸಾವಿರ ವರ್ಷ ಮೊದಲೇ ಈ ವಿದ್ಯೆ ಕಲಿತಿದ್ದರು ಎಂಬುದು ಕಾಕಾನ ವಾದ. ಅಲ್ಲಿಯ ಬಳೆಗಾರರ ಮನೆಯ ಹುಡುಗ ರನ್ನ, 949ರಲ್ಲಿ ಹುಟ್ಟಿದವನು, ಮಹಾಭಾರತವನ್ನು ಮೊದಲಿಂದ ಹೇಳುವ ಗೋಜಿಗೇ ಹೋಗಲಿಲ್ಲ. ಯುದ್ಧದ ಕೊನೆಯ ದಿನ ನಿಂತುಕೊಂಡು, ಸಿಂಹ ನಡೆಯುತ್ತ ನಡೆಯುತ್ತ ಹೊರಳಿ ನೋಡುವ ಹಾಗೆ, ಹಿಂದಿನದೆಲ್ಲವನ್ನೂ ನೋಡಿದ. ಸಿಂಹಾವಲೋಕನ ಎಂದು ಅದಕ್ಕೆ ಅವನೇ ಹೆಸರಿಟ್ಟ. ಹೊರಳಿ ನೋಡುವ ಭರದಲ್ಲಿ ಭೀಮ ನಾಯಕನಾದ, ಆ ಭೀಮನ ಒಳಗೆ ಚಾಲುಕ್ಯ ದೊರೆ ಸತ್ಯಾಶ್ರಯ ಬಂದು ಕುಂತ. "ಬಿಚ್ಚಿ ನೇಯ್ದಾನ. ಗಂಟು ಹುಡುಕಾಕ ಪಂಡಿತರು ಇನ್ನೂ ಬೆನ್ನಮ್ಯಾಲೆ ಕೈಯಾಡಸಾಕತ್ತಾರ."

ಅದೇ ಮುಧೋಳದ ಸೀಮೆಯ ಇನ್ನೊಂದು ಊರಿನ ವಿಷಯಕ್ಕೆ ನಗು ನಿಂತಿತು. ಹಲಗಲಿ. 1857ರಲ್ಲಿ ಹತಾರು ಒಪ್ಪಿಸಬೇಕೆಂಬ ಕಾಯ್ದೆ ಬಂದಾಗ ಅಲ್ಲಿಯ ಬೇಡರು ಒಪ್ಪಲಿಲ್ಲ. ದಂಡು ಬಂತು, ಊರು ಸುಟ್ಟಿತು, ಸಿಕ್ಕವರನ್ನು ಗಲ್ಲಿಗೇರಿಸಿದರು. ಆ ಕತೆ ನಮಗೆ ಉಳಿದಿರುವುದು ಲಾವಣಿಯಾಗಿ. ನಾನು ಜಾಣತನ ತೋರಿಸಲು ಕೇಳಿದೆ: "ಕಾಕಾ, ನಾವು ಹಿಂದಕ್ಕ ಹೋಗಿ ದಂಡು ಬರಾಕತ್ತೈತಿ ಅಂತ ಹಲಗಲಿ ಮಂದಿಗೆ ಹೇಳಿದ್ವಿ ಅನ್ನು. ಅವರು ಉಳಕೊಂಡ್ರ ಲಾವಣಿ ಹುಟ್ಟೂದಿಲ್ಲ. ಲಾವಣಿ ಇಲ್ಲಂದ್ರ ನಮಗ ಹಲಗಲಿ ಸುದ್ದಿನ ಗೊತ್ತಾಗೂದಿಲ್ಲ. ಗೊತ್ತಿಲ್ಲಂದ್ರ ಹೇಳಾಕ ಹೋಗಾವರು ಯಾರು?"

ಕಾಕಾ ಬಹಳ ಹೊತ್ತು ಮಾತಾಡಲಿಲ್ಲ. ಹಣಿಗೆಯಲ್ಲಿ ಸಿಕ್ಕ ಎಳೆಯೊಂದನ್ನು ಉಗುರಲ್ಲಿ ಬಿಡಿಸಿದ. "ಲಾವಣಿ ಇರೂದಿಲ್ಲ, ಮಂದಿ ಇರತಾರ. ಹಂಗ ಹೋಗಿ ಹೇಳಿ ಉಳಿಸಿದ ಊರು ಎಷ್ಟ ಅದಾವೋ ಏನೋ. ಅವುಕ್ಕ ಲಾವಣಿ ಇಲ್ಲಲ್ಲ, ನಮಗ ಹೆಂಗ ತಿಳೀಬೇಕು?"

ಹಾಕಿಂಗರಿಗೆ ಈ ಮಾತು ಯಾರಾದರೂ ಮುಟ್ಟಿಸಬೇಕಿತ್ತು.

ಮುಂದಿನದನ್ನು ಮೊದಲೇ ತಿಳಿಯುವ ವ್ಯವಸ್ಥೆಯೂ ನಮ್ಮಲ್ಲಿ ಉಂಟು. ಕೃಷ್ಣೆಯ ಆಚೆ ದಂಡೆಯ ಹೊಳೆಬಬಲಾದಿಯಲ್ಲಿ ಶಿವರಾತ್ರಿ ಜಾತ್ರೆಗೆ ಕಾಲಜ್ಞಾನ ಕೇಳಲು ನಮ್ಮ ಸುತ್ತಲ ತಾಲ್ಲೂಕುಗಳ ಜನ ಹೊಳೆ ದಾಟುತ್ತಾರೆ. ಆಮೇಲೆ ವರ್ಷವಿಡೀ ಏನೇ ಆಗಲಿ, "ಬಬಲಾದಿ ಮುತ್ಯಾ ಹೇಳಿದ್ದ" ಎಂಬ ಮಾತು ಕಟ್ಟೆಯ ಮೇಲೆ ಸಿದ್ಧ. 2019ರ ಆಗಸ್ಟಿನಲ್ಲಿ ಕೃಷ್ಣೆ ಘಟಪ್ರಭೆ ಎರಡೂ ಏರಿ ಬಂದಾಗಲೂ ಅದೇ ಮಾತು ಕೇಳಿದೆ. ಮೊದಲೇ ಹೇಳಿದ್ದರೆ ಸಾಮಾನು ಅಟ್ಟಕ್ಕೆ ಯಾಕೆ ಏರಿಸಲಿಲ್ಲ ಎಂದು ಕೇಳಬಾರದು. ಏರಿಸಿದ್ದರೆ ಮುತ್ಯಾನ ಮಾತು ಸುಳ್ಳಾಗುತ್ತಿತ್ತು. ಇನ್ನು ಬಾಗಲಕೋಟೆ–ಕುಡಚಿ ರೈಲು. ಅದು ಭವಿಷ್ಯದಿಂದ ಎಂದೋ ಹೊರಟಿದೆ ಎನ್ನುತ್ತಾನೆ ಕಾಕಾ. ಬರುವುದು ಬಾಕಿ.

ಇಷ್ಟು ಹೊತ್ತು ನಾನು ಸುತ್ತಿ ಬಳಸುತ್ತಿದ್ದುದು ಬೀಳಗಿಯ ವಿಷಯಕ್ಕೆ ಬರಬಾರದೆಂದು. ಬಂದೆ.

ಅವ್ವನ ತವರೂರು ಮುಳುಗಡೆಯ ಊರು. 1964ರ ಮೇ 22ರಂದು ಲಾಲ್ ಬಹಾದ್ದೂರ್ ಶಾಸ್ತ್ರಿಯವರು ಆಲಮಟ್ಟಿಯಲ್ಲಿ ಅಡಿಗಲ್ಲು ಹಾಕಿದರು. ಅವತ್ತು ಅವ್ವ ಇನ್ನೂ ಹುಟ್ಟಿರಲಿಲ್ಲ. ಅವಳು ಹುಟ್ಟಿದ್ದು, ಬೆಳೆದದ್ದು, ಲಗ್ನವಾದದ್ದು ಎಲ್ಲ ಮುಂದೆ ಮುಳುಗಲಿರುವ ಮನೆಯಲ್ಲಿ. ಆ ಊರಿನವರ ವ್ಯಾಕರಣವೇ ಬೇರೆ. "ನಮ್ಮ ಊರು ಮುಳಗೇತಿ" ಎನ್ನುತ್ತಿದ್ದರು, ಒಣ ನೆಲದ ಮೇಲೆ ನಿಂತು, ನೀರು ಇಪ್ಪತ್ತು ವರ್ಷ ದೂರ ಇರುವಾಗಲೇ. ಹೆಂಗಿದ್ದರೂ ಮುಳುಗಿದ ಮನೆ ಎಂದು ಸುಣ್ಣ ಬಳಿಯುತ್ತಿರಲಿಲ್ಲ. ಮುಳುಗಿದ ಊರೆಂದು ಹೆಣ್ಣು ಕೊಡಲು ಹಿಂದೆಮುಂದೆ ನೋಡುತ್ತಿದ್ದರು. ಬಾರದ ನೀರು ಅಷ್ಟು ವರ್ಷ ಮೊದಲೇ ಬಂದು ಮನೆಯ ಗೋಡೆ ತೊಯ್ಸಿತ್ತು. ಪರಿಣಾಮ ಮೊದಲು, ಕಾರಣ ಆಮೇಲೆ. ಭೌತಶಾಸ್ತ್ರ ಇದನ್ನು ಒಪ್ಪುವುದಿಲ್ಲ, ಬೀಳಗಿ ತಾಲ್ಲೂಕು ಒಪ್ಪಿಕೊಂಡು ಬದುಕಿತು. ಕೊನೆಗೆ ಹಿನ್ನೀರು 519.6 ಮೀಟರಿಗೆ ನಿಂತಿತು. 524.256ಕ್ಕೆ ಏರಿಸುವ ಮಾತು ಈಗಲೂ ಇದೆ, ಹಾಗಾಗಿ ಆ ವ್ಯಾಕರಣ ಇನ್ನೂ ಕೆಲವು ಊರುಗಳಲ್ಲಿ ಚಾಲ್ತಿಯಲ್ಲಿದೆ.

ಅವ್ವನಿಗೂ ಸೋದರಮಾವನಿಗೂ ಒಂದು ವ್ಯಾಜ್ಯವಿತ್ತು. ಆ ಹಳೇ ಮನೆಯ ತಲಬಾಗಿಲು ಯಾವ ದಿಕ್ಕಿಗಿತ್ತು? ಅವ್ವ ಮೂಡಣಕ್ಕೆ ಎನ್ನುತ್ತಾಳೆ: ಬೆಳಗಿನ ಬಿಸಿಲು ಹೊಸ್ತಿಲು ದಾಟಿ ಒಳ್ಳಿನವರೆಗೆ ಬರುತ್ತಿತ್ತು. ಮಾವ ಬಡಗಣಕ್ಕೆ ಎನ್ನುತ್ತಾನೆ, ಆಣೆ ಮಾಡಿ. ಕಾಕಾನಿಗೆ ಇದು ಕಿವಿಗೆ ಬಿದ್ದದ್ದೇ ತಡ, ಸಂಶೋಧನೆಗೆ ಹೊರಡಲೇಬೇಕೆಂದು ಪಟ್ಟು ಹಿಡಿದ. ಮೇ ತಿಂಗಳಲ್ಲಿ ಹಿನ್ನೀರು ಇಳಿದು ಹಳೇ ಊರು ಮೇಲೆ ಬಂದಿರುತ್ತದೆ. ರನ್ನನ ದುರ್ಯೋಧನ ವೈಶಂಪಾಯನ ಸರೋವರದಿಂದ ಎದ್ದು ಬಂದದ್ದು ಒಂದೇ ಸಲ. ಈ ಊರು ವರ್ಷಕ್ಕೊಮ್ಮೆ ಎದ್ದು ಬರುತ್ತದೆ, ತೊಡೆ ಮುರಿದುಕೊಂಡೇ.

ನಾಲ್ಕು ಮಂದಿ ಹೋದೆವು. ನೆಲ ಬಿರಿದು ಹಂಚಿನ ತುಂಡುಗಳ ಹಾಗೆ ಸುರುಳಿ ಎದ್ದಿತ್ತು, ಕಾಲಿಟ್ಟಲ್ಲಿ ಚಿಪ್ಪು ಚಟಚಟ ಎನ್ನುತ್ತಿತ್ತು. ಗುಡಿಯ ಕಟ್ಟೆ, ಒಂದು ಬಾವಿಯ ದಂಡೆ, ಉಳಿದಂತೆ ಎಲ್ಲ ಮೊಳಕಾಲೆತ್ತರದ ಪಾಯಗಳು. ಬಿಟ್ಟುಹೋಗುವಾಗ ಜನ ತೊಲೆ, ಕಂಬ, ಬಾಗಿಲು, ಎತ್ತಲಾಗುವ ಕಲ್ಲು ಎಲ್ಲ ಒಯ್ದಿದ್ದರು. ಅವ್ವ ಒಂದು ಪಾಯದ ಮುಂದೆ ನಿಂತಳು. "ಇದ," ಎಂದಳು. ನೆಲದಲ್ಲಿ ಹೂತ ಒಳ್ಳು ಹಾಗೇ ಇತ್ತು, ಒಳಗೆ ಅಂಗೈಯಷ್ಟು ನೀರು, ನೀರಲ್ಲೊಂದು ಮೀನಿನ ಮರಿ. ಕಾಕಾ ಸೂರ್ಯನನ್ನು ನೋಡಿದ, ಕೈಗಡಿಯಾರದಿಂದ ಅರ್ಧ ತಾಸು ಕಳೆದ, ದಿಕ್ಕು ಗುರುತು ಮಾಡಿದ. ಪಾಯದಲ್ಲಿ ಬಾಗಿಲಿನ ತೆರವು ಮೂಡಣಕ್ಕೇ ಇತ್ತು.

ಮಾವ ಬಹಳ ಹೊತ್ತು ಆ ತೆರವನ್ನೇ ನೋಡಿದ. ಆಮೇಲೆ ಹಣೆ ಬಡಿದುಕೊಂಡು ನಕ್ಕ. ಆ ತಲಬಾಗಿಲನ್ನು ಚೌಕಟ್ಟಿನ ಸಮೇತ ಟ್ರ್ಯಾಕ್ಟರಿನಲ್ಲಿ ಹೇರಿಕೊಂಡು ಹೋಗಿ ಪುನರ್ವಸತಿ ಕೇಂದ್ರದ ಹೊಸ ಮನೆಗೆ ಕೂರಿಸಿದ್ದು ಅವನೇ. ಅಲ್ಲಿ ಸಿಕ್ಕ ಪ್ಲಾಟು ಬಡಗಣ ಮುಖದ್ದು. ಅದೇ ಬಾಗಿಲು, ಅದೇ ಚಿಲಕ, ಅದೇ ಕಿರ್ರ್ ಸದ್ದು. ದಿನಾ ತೆಗೆದು ದಿನಾ ಹಾಕಿ ಹಳೇ ಮನೆಯೂ ಅವನ ತಲೆಯಲ್ಲಿ ನಿಧಾನಕ್ಕೆ ಬಡಗಣಕ್ಕೆ ತಿರುಗಿಬಿಟ್ಟಿತ್ತು. ಕಾಕಾ ಹಿಗ್ಗಿ ನನ್ನ ಹೆಗಲು ಹಿಡಿದು ಅಲುಗಾಡಿಸಿದ. ಅಂಥ ಗಂಟು ಅವನ ಜೀವಮಾನದಲ್ಲೇ ಸಿಕ್ಕಿರಲಿಲ್ಲ.

ನಾನು ಬೇರೆಯದನ್ನು ನೋಡುತ್ತಿದ್ದೆ. ಸುತ್ತಲೂ ಮೊಳಕಾಲೆತ್ತರದ ಕಲ್ಲು, ಎಲ್ಲಿ ಬೇಕಾದರೂ ದಾಟಿ ಒಳಗೆ ಹೋಗಬಹುದು. ಅವ್ವ ಸುತ್ತುಹಾಕಿ ಮೂಡಣದ ತೆರವಿಗೆ ಬಂದು, ಸೆರಗು ಸರಿಮಾಡಿಕೊಂಡು, ಒಳಗೆ ಹೆಜ್ಜೆ ಇಡುವಾಗ ತಲೆ ಬಗ್ಗಿಸಿದಳು. ಆ ಬಾಗಿಲು ಗಿಡ್ಡವಿತ್ತಂತೆ. ಹಿಂದೆಯೇ ಬಂದ ಮಾವನೂ ಅದೇ ತೆರವಿನಲ್ಲಿ, ಅಷ್ಟೇ ತಲೆ ಬಗ್ಗಿಸಿದ.

ಮರಳುವಾಗ ದಾರಿಯಲ್ಲಿ ಕಾಕಾನನ್ನು ಕೇಳಿದೆ, ನಿನಗೇ ಬಿಚ್ಚುವ ಅಧಿಕಾರ ಕೊಟ್ಟರೆ ಏನು ಬಿಚ್ಚುತ್ತೀ ಎಂದು. ಪಿಯುಸಿ ಎರಡನೇ ವರ್ಷ ಎನ್ನುತ್ತಾನೆ ಎಂದುಕೊಂಡಿದ್ದೆ. "ಸೆರಗಿಗೆ ಬಂದೇನಪಾ," ಎಂದ, "ಈಗ ಒಡಲು ಬಿಚ್ಚಿದ್ರ ಈ ಸೀರಿ ಯಾರ ತಗೋತಾರ?"

ಬಸ್ಸು ಬಂತು. ಶಕ್ತಿ ಯೋಜನೆಯ ದೆಸೆಯಿಂದ ಅವ್ವನಿಗೆ ಸೊನ್ನೆ ಟಿಕೀಟು. ಆದರೂ ಕಂಡಕ್ಟರ್ ಹತ್ತಿದ್ದು ಎಲ್ಲಿಂದ ಎಂದು ಕೇಳಲೇಬೇಕಲ್ಲ. ಅವ್ವ ಊರ ಹೆಸರು ಹೇಳಿದಳು.

"ಹಳೇದೋ ಹೊಸಾದೋ?"

"ಹಳೇದು."

"ಹಳೇದಕ್ಕ ಸ್ಟೇಜಿಲ್ಲಬೇ ಯವ್ವಾ. ಅದು ಇಲ್ಲೇ ಇಲ್ಲ."

"ಮತ್ತ ನಾವು ಅಲ್ಲಿಂದಽ ಬಂದೀವಲ್ಲೋ ತಮ್ಮಾ," ಎಂದಳು ಅವ್ವ, ಕಾಲಿಗೆ ಮೆತ್ತಿದ್ದ ಕೆಸರು ತೋರಿಸುತ್ತ. ಕಂಡಕ್ಟರ್ ಕೆಸರನ್ನು ನೋಡಿದ, ಮಶೀನನ್ನು ನೋಡಿದ, ಹೊಸಾದು ಒತ್ತಿ ಟಿಕೀಟು ಹರಿದುಕೊಟ್ಟ. ಕಾಕಾ ಅದನ್ನು ಇಸಿದುಕೊಂಡು, ತಿರುವಿ, ಬೆನ್ನ ಮೇಲೆ ಬೆರಳಾಡಿಸಿ ನೋಡಿದ.